ಒಬ್ಬಳೇ ಕೂತು ತಿನ್ನುವ ಬಗ್ಗೆ

ಪ್ರೀತಿಯ ಪುಟ್ಟಿ,

ನಿನ್ನ ಕಾಗದ ಮೂರು ಸಲ ಓದಿದೆ. ಮನೆ ಸಮಾಚಾರವೆಲ್ಲ ನಿನ್ನಮ್ಮ ಫೋನಿನಲ್ಲಿ ಹೇಳಿಯೇ ಇರುತ್ತಾಳೆ. ತೋಟದ ವಿಷಯವೂ ನಿನಗೆ ಗೊತ್ತು. ಅದನ್ನೆಲ್ಲ ಬಿಡುತ್ತೇನೆ.

ಮಲೇಷ್ಯಾದ ಪೆನಾಂಗ್ ದ್ವೀಪದ ಜಾರ್ಜ್‌ಟೌನಿನ ಗೋಡೆ ಚಿತ್ರಗಳ ಬಗ್ಗೆ ಎರಡು ಪುಟ ಖುಷಿಯಾಗಿ ಬರೆದಿದ್ದೀಯ. ಕೊನೆಯಲ್ಲಿ ಒಂದೇ ಒಂದು ಸಾಲು. "ತಿನ್ನೋಕೆ ಮಾತ್ರ ಎಲ್ಲೂ ಕೂರಲಿಲ್ಲ ದೊಡ್ಡಮ್ಮ, ಒಬ್ಬಳೇ ಕೂತರೆ ಎಲ್ಲರೂ ನನ್ನನ್ನೇ ನೋಡ್ತಾರೆ ಅನ್ಸುತ್ತೆ, ರೂಮಿಗೆ ಬಂದು ಬಿಸ್ಕತ್ತು ತಿಂದು ಮಲಗಿದೆ." ನೀನು ಸುಮ್ನೆ ಬರೆದಿರಬಹುದು. ನನಗೆ ಆ ರಾತ್ರಿ ನಿದ್ದೆ ಬರಲಿಲ್ಲ.

ನೀನು ಕಳಿಸಿದ ಫೋಟೋಗಳನ್ನು ಮತ್ತೆ ತೆಗೆದು ನೋಡಿದೆ. ಅರ್ಮೇನಿಯನ್ ಬೀದಿಯ ಸೈಕಲ್ ಮಕ್ಕಳ ಚಿತ್ರ ಇದೆ. ಅಕ್ಕ ಮುಂದೆ, ತಮ್ಮ ಹಿಂದೆ ಅವಳನ್ನು ತಬ್ಬಿಕೊಂಡು. ಮಕ್ಕಳು ಬಣ್ಣದವರು, ಸೈಕಲ್ ನಿಜದ್ದು, ಗೋಡೆಗೆ ಆನಿಸಿ ನಿಲ್ಲಿಸಿದ್ದು. 2014ರಲ್ಲಿ ನಿನ್ನ ಅಣ್ಣನ ಜೊತೆ ನಾನು ಐದು ದಿನ ಅಲ್ಲಿಗೆ ಬಂದಿದ್ದೆನಲ್ಲ, ಆಗ ಆ ಸೈಕಲ್ ಮುಂದೆ ಉದ್ದಕ್ಕೆ ಜನ ಸಾಲು ನಿಂತಿದ್ದರು. ಒಬ್ಬೊಬ್ಬರೇ ಹೋಗಿ ಆ ಮಕ್ಕಳ ಹಿಂದೆ ಕೂತಂತೆ ಮಾಡಿ ಫೋಟೋ ತೆಗೆಸಿಕೊಳ್ಳುತ್ತಿದ್ದರು. ನಿನ್ನ ಫೋಟೋದಲ್ಲಿ ಒಂದು ನರಪಿಳ್ಳೆಯೂ ಇಲ್ಲ. ಅಂಗಡಿಗಳ ಬಾಗಿಲೂ ಹಾಕಿವೆ. ನೀನು ಬೆಳಕು ಹರಿಯುವ ಹೊತ್ತಿಗೇ ಹೋಗಿ ಬಂದಿದ್ದೀಯ, ಅಲ್ವಾ? ಜನ ಏಳುವ ಮುಂಚೆ. ಅದನ್ನು ಕಂಡ ಮೇಲೆ ನನಗೆ ಇನ್ನೂ ಕಳವಳ ಜಾಸ್ತಿ ಆಯಿತು.

ಮೊದಲು ನಾನು ಅಲ್ಲಿ ಸಂಸಾರ ಮಾಡಿಕೊಂಡಿದ್ದಾಗ ಆ ಗೋಡೆಗಳಲ್ಲಿ ಈ ಚಿತ್ರಗಳು ಇರಲಿಲ್ಲ. ಸೈಕಲ್ ಮಕ್ಕಳ ಚಿತ್ರ 2012ರದ್ದು. ಊರ ಉತ್ಸವಕ್ಕೆಂದು ಲಿಥುವೇನಿಯಾದ ಎರ್ನೆಸ್ಟ್ ಜಖಾರೆವಿಚ್ ಅನ್ನುವ ಹುಡುಗನಿಂದ ಬರೆಸಿದರು. ನಾವಿದ್ದದ್ದು 1995, 96ರಲ್ಲಿ. ಆಗ ಅರ್ಮೇನಿಯನ್ ಬೀದಿ ಅಂದರೆ ಸುಣ್ಣ ಉದುರಿದ ಹಳೇ ಅಂಗಡಿ ಮನೆಗಳು. ಕೆಳಗೆ ವ್ಯಾಪಾರ, ಮೇಲೆ ಸಂಸಾರ. ಜಗಲಿ ಉದ್ದಕ್ಕೂ ಮುದುಕರು ಬನಿಯನ್ನಿನಲ್ಲಿ ಕೂತಿರುತ್ತಿದ್ದರು. ಹಳೇ ಕಾಲದ ಬಾಡಿಗೆ ಕಾನೂನು ಇತ್ತು, ಬಾಡಿಗೆ ಏರಿಸುವ ಹಾಗಿರಲಿಲ್ಲ. 2000ದಲ್ಲಿ ಅದು ಹೋಯಿತು. ಎಷ್ಟೋ ಹಳೇ ಸಂಸಾರಗಳು ಮನೆ ಬಿಟ್ಟು ಹೋದವು. 2008ರಲ್ಲಿ ಯುನೆಸ್ಕೋದವರು ಊರನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದರು. ಚಿತ್ರಗಳು ಬಂದದ್ದು ಆಮೇಲೆ. ಹಾಗಾಗಿ ಪುಟ್ಟಿ, ಗೋಡೆಯ ಮಕ್ಕಳನ್ನು ನೋಡಿದರೆ ನನಗೆ ಆ ಜಗಲಿಯ ಮುದುಕರ ನೆನಪಾಗುತ್ತದೆ. ಅವರು ತಿನ್ನುತ್ತಿದ್ದದ್ದು ಇನ್ನೂ ಬೀದಿಯಲ್ಲಿ ಸಿಗುತ್ತದೆ. ನೀನು ಅದನ್ನು ಮುಟ್ಟದೆ ಬಂದೆ.

ಬೈಯುತ್ತಿಲ್ಲ. ಬೈಯುವುದಕ್ಕೆ ನನಗೆ ಬಾಯಿಲ್ಲ. ಯಾಕೆ ಅಂತ ಹೇಳುತ್ತೇನೆ. ನಿನ್ನಮ್ಮನಿಗೂ ಇದನ್ನು ಹೇಳಿಲ್ಲ.

ನಿನ್ನ ದೊಡ್ಡಪ್ಪ ಬಾಯಾನ್ ಲೆಪಾಸಿನ ಚಿಪ್ ಫ್ಯಾಕ್ಟರಿಗೆ ಬೆಳಗ್ಗೆ ಆರೂವರೆಗೆ ಹೊರಟರೆ ಬರುತ್ತಿದ್ದದ್ದು ರಾತ್ರಿ ಎಂಟಕ್ಕೆ. ನಮ್ಮದು ಬಾಯಾನ್ ಬಾರುವಿನಲ್ಲಿ ನಾಲ್ಕನೇ ಮಹಡಿಯ ಫ್ಲಾಟು. ಕೆಳಗಡೆ ಒಂದು ಕಾಫಿ ಅಂಗಡಿ, ಅಲ್ಲಿ ಕೋಪಿತಿಯಾಂ ಅನ್ನುತ್ತಾರಲ್ಲ, ಅದು. ಒಳಗೆ ನಾಲ್ಕೈದು ತಿಂಡಿ ಗಾಡಿಗಳು. ಒಬ್ಬ ಅಕ್ಕಿ ಶಾವಿಗೆ ಹುರಿಯುತ್ತಿದ್ದ. ದೊಡ್ಡ ಕಬ್ಬಿಣದ ಬಾಣಲೆಗೆ ಸೌಟು ತಾಗುವ ಸದ್ದು ಬೆಳಗ್ಗೆ ಏಳರಿಂದ ನಮ್ಮ ಕಿಟಕಿಗೆ ಬರುತ್ತಿತ್ತು. ನಾನು ಕಿಟಕಿಯಲ್ಲಿ ನಿಂತು ನೋಡುತ್ತಿದ್ದೆ. ಆಮೇಲೆ ಮೊಸರನ್ನ ಕಲಸಿಕೊಂಡು ಬಾಗಿಲು ಹಾಕಿಕೊಂಡು ತಿನ್ನುತ್ತಿದ್ದೆ. ಎರಡು ವರ್ಷ, ಪುಟ್ಟಿ.

ಮೀನು ಮಾಂಸದ ಭಯ ಅಂತ ಎಲ್ಲರಿಗೂ ಹೇಳುತ್ತಿದ್ದೆ. ಅದು ನೆಪ. ನಿಜವಾದ ಭಯ ನಿನ್ನದೇ. ಒಬ್ಬಳೇ ಕೂರುವುದು. ಸಾಗರದಲ್ಲಿ ನಮ್ಮ ಕಾಲಕ್ಕೆ ಹೋಟೆಲ್ ಅಂದರೆ ಗಂಡಸರ ಜೊತೆ ಹೋಗಬೇಕು, ಒಳಗಿನ ಫ್ಯಾಮಿಲಿ ರೂಮಿನಲ್ಲಿ ಪರದೆ ಎಳೆದುಕೊಂಡು ದೋಸೆ ತಿನ್ನಬೇಕು. ಪರದೆ ಇಲ್ಲದೆ ತಿಂದು ನನಗೆ ಅಭ್ಯಾಸವೇ ಇರಲಿಲ್ಲ. ನಿನಗೆ ಆ ಪರದೆ ಯಾರೂ ಕಟ್ಟಿರಲಿಲ್ಲ. ಮತ್ತೆ ಇದು ನಿನಗೆ ಎಲ್ಲಿಂದ ಬಂತು ಅಂತ ಯೋಚಿಸುತ್ತಾ ಇದ್ದೇನೆ. ನಮ್ಮಿಂದಲೇ ಬಂತೇನೋ. ಚಿಕ್ಕವಳಿದ್ದಾಗ ಮದುವೆ ಮನೆಗಳಲ್ಲಿ "ಅಲ್ಲಿ ಒಬ್ಬಳೇ ಕೂರಬೇಡ, ಇಲ್ಲಿ ಬಾ" ಅಂತ ನಿನ್ನನ್ನು ಪಂಕ್ತಿಯಿಂದ ಎಬ್ಬಿಸಿ ಕರೆದವಳು ನಾನೇ.

ಒಂದು ದಿನ ಧೈರ್ಯ ಮಾಡಿ ಕೆಳಗೆ ಇಳಿದೆ. ಮೂಲೆಯ ಟೇಬಲ್ಲಿನಲ್ಲಿ ಕೂತೆ. ಅಮೃತಶಿಲೆಯ ಹಾಸಿನ ಗುಂಡು ಟೇಬಲ್ಲು, ತಣ್ಣಗಿತ್ತು. ಹುಡುಗ ಬಂದ, ಕಾಫಿ ಅಂದೆ. ತಂದಿಟ್ಟ, ದುಡ್ಡು ಆಗಲೇ ಕೊಟ್ಟೆ. ಇನ್ನೇನು ಲೋಟ ಎತ್ತಬೇಕು, ಒಬ್ಬ ಚೀನೀ ಅಜ್ಜಿ ಬಂದು ಎದುರಿನ ಕುರ್ಚಿ ಎಳೆದು ಕೂತಳು. ಏನೂ ಕೇಳಲಿಲ್ಲ. ನನ್ನ ಮುಖ ನೋಡಿ ಏನೋ ಅಂದಳು. ನನಗೆ ಎದೆ ಡವಡವ ಅಂತು. ಎದ್ದು ಹೊರಟುಬಿಟ್ಟೆ. ಕಾಫಿ ಅಲ್ಲೇ. ಮೆಟ್ಟಿಲು ಹತ್ತುವಾಗ ಇಡೀ ಅಂಗಡಿ ನನ್ನ ಬೆನ್ನನ್ನೇ ನೋಡುತ್ತಿದೆ ಅನಿಸಿತು.

ಹತ್ತು ನಿಮಿಷ ಆಗಿರಬೇಕು. ಬಾಗಿಲು ಬಡಿದರು. ನಾನು ತೆಗೆಯಲಿಲ್ಲ. ಕಿಂಡಿಯಿಂದ ನೋಡಿದೆ. ಅದೇ ಕಾಫಿ ಹುಡುಗ. ಕೈಯಲ್ಲಿ ಒಂದು ಪ್ಲಾಸ್ಟಿಕ್ ಚೀಲ. ಅಲ್ಲಿ ಪಾರ್ಸೆಲ್ ಕಾಫಿ ಹಾಗೇ ಕೊಡುವುದು. ಚೀಲಕ್ಕೆ ಕಾಫಿ ಸುರಿದು, ಬಾಯಿಗೆ ದಾರ ಬಿಗಿದು, ಒಂದು ಸ್ಟ್ರಾ ಹಾಕಿ. ನನ್ನ ಕಾಫಿಯನ್ನು ಹಾಗೆ ಕಟ್ಟಿಕೊಂಡು ನಾಲ್ಕು ಮಹಡಿ ಹತ್ತಿ ಬಂದಿದ್ದ. ಎರಡು ಸಲ ಕೂಗಿದ. ಆಮೇಲೆ ಗ್ರಿಲ್ಲಿನ ಸರಳಿಗೆ ದಾರ ಸಿಕ್ಕಿಸಿ ಇಳಿದು ಹೋದ. ಅವನ ಚಪ್ಪಲಿ ಸದ್ದು ಪೂರ್ತಿ ನಿಲ್ಲುವವರೆಗೂ ನಾನು ಬಾಗಿಲ ಹಿಂದೆ ನಿಂತಿದ್ದೆ. ಚೀಲ ಇನ್ನೂ ಬಿಸಿ ಇತ್ತು.

ಅವರು ನನ್ನನ್ನು ನೋಡಿದ್ದರು ಪುಟ್ಟಿ, ನಿಜ. ಯಾವ ಮಹಡಿ, ಯಾವ ಬಾಗಿಲು ಅನ್ನುವುದೂ ಗೊತ್ತಿತ್ತು ಅವರಿಗೆ. ದುಡ್ಡು ಕೊಟ್ಟ ಹೆಂಗಸು ಕುಡಿಯದೆ ಹೋದಳಲ್ಲ ಅನ್ನುವ ಯೋಚನೆ ಅವರದು. ನಾನು ಮಾರನೇ ದಿನ ಹೋಗಿ ಒಂದು ಮಾತು ಹೇಳಬಹುದಿತ್ತು. ಹೋಗಲಿಲ್ಲ. ಆಮೇಲೆ ಆ ಅಂಗಡಿ ಮುಂದೆ ನಡೆಯುವುದನ್ನೇ ಬಿಟ್ಟು ಹಿಂದಿನ ಗೇಟಿನಿಂದ ಓಡಾಡಿದೆ. ಅಜ್ಜಿ ಏನು ಅಂದಿದ್ದಳು ಅನ್ನುವುದು ಎಷ್ಟೋ ವರ್ಷದ ಮೇಲೆ ನಿನ್ನ ಅಣ್ಣನ ಸ್ನೇಹಿತರೊಬ್ಬರು ಪೆನಾಂಗಿನ ಹೊಕ್ಕಿಯನ್ ಅನ್ನುವ ಚೀನೀ ಭಾಷೆ ಮಾತಾಡಿದಾಗ ಹೊಳೆಯಿತು. "ಚಿಯಾ ಪಾ ಬೋಯ್?" ಅಂದರೆ ಊಟ ಆಯ್ತಾ ಅಂತ. ನಾವು ದಾರಿಯಲ್ಲಿ ಯಾರು ಸಿಕ್ಕರೂ ಕೇಳುವ ಮಾತೇ ಅದು.

ಇಷ್ಟೆಲ್ಲ ಹೇಳಿ ಈಗ ನಿನಗೆ ಹೀಗೆ ಮಾಡು, ಹಾಗೆ ಮಾಡು ಅನ್ನಲು ನನಗೆ ಸಂಕೋಚ. ನಾನು ಮಾಡದ್ದನ್ನು ನಿನಗೆ ಹೇಳುತ್ತಿದ್ದೇನೆ. 2014ರಲ್ಲಿ ಕಂಡದ್ದು ಮಾತ್ರ ಬರೆಯುತ್ತೇನೆ. ಅಲ್ಲಿ ಟೇಬಲ್ ಹಂಚಿಕೊಳ್ಳುವುದು ಮಾಮೂಲು. ಖಾಲಿ ಕುರ್ಚಿ ಇದ್ದರೆ ಮಲಯ ಭಾಷೆಯಲ್ಲಿ "ಬೋಲೆ ದುದುಕ್ ಸಿನಿ?" ಅಂದರೆ ಸಾಕು, ಇಲ್ಲಿ ಕೂರಬಹುದಾ ಅಂತ. ಮೊದಲು ಕುರ್ಚಿ ಹಿಡಿ, ಆಮೇಲೆ ಗಾಡಿಗೆ ಹೋಗಿ ಬೇಕಾದ್ದು ಹೇಳಿ ಟೇಬಲ್ ತೋರಿಸಿ ಬಾ. ಅವರೇ ತಂದುಕೊಡುತ್ತಾರೆ, ತಂದಾಗ ದುಡ್ಡು ಕೊಡುವುದು. ಕಾಯುವಾಗ ಮುಖ ಎಲ್ಲಿಡುವುದು ಅನ್ನುವುದೇ ಕಷ್ಟ, ನನಗೆ ಗೊತ್ತು. ಆಗ ಬಾಣಲೆ ನೋಡು. ಶಾವಿಗೆ ಹುರಿಯುವವನ ಬೆಂಕಿಯನ್ನು ಎಷ್ಟು ಹೊತ್ತು ನೋಡಿದರೂ ಯಾರೂ ತಪ್ಪು ತಿಳಿಯುವುದಿಲ್ಲ.

ಏನು ತಿನ್ನಬೇಕು ಅನ್ನುವುದು ನಿನಗೆ ಬಿಟ್ಟದ್ದು. ನಾನು ಕೇಳುವುದಿಲ್ಲ, ಮನೆಯಲ್ಲಿ ಯಾರಿಗೂ ಹೇಳುವುದೂ ಇಲ್ಲ. ನಮ್ಮ ಸಸ್ಯಾಹಾರವೇ ಬೇಕಿದ್ದರೆ ನೋಡಿಕೋ, ಚಾರ್ ಕ್ವೇ ತಿಯಾವ್ ಅನ್ನುವ ಹುರಿದ ಅಕ್ಕಿ ಶಾವಿಗೆಯಲ್ಲಿ ಸಿಗಡಿ, ಚಿಪ್ಪುಮೀನು ಇರುತ್ತದೆ. ಅಸಾಮ್ ಲಕ್ಸಾ ಅನ್ನುವ ಸಾರು ಶಾವಿಗೆಯ ಹುಣಸೆ ಸಾರು ಮೀನಿನದು. ರೋಟಿ ಚನಾಯ್ ನಮ್ಮ ಪರೋಟದಂಥದ್ದು, ಅದಕ್ಕೆ ಬೇಳೆ ಸಾರು ಮಾತ್ರ ಅಂತ ಮೊದಲೇ ಹೇಳು. ಸೊಪ್ಪು ಹುರಿದದ್ದರಲ್ಲೂ ಬೆಲಚಾನ್ ಅಂತ ಸಿಗಡಿಯ ಹಿಂಡಿ ಹಾಕುತ್ತಾರೆ, ಕೇಳಿಕೋ. ಪುಟು ಮಾಯಮ್ ಅನ್ನುವುದು ನಮ್ಮ ಒತ್ತುಶಾವಿಗೆಯೇ, ಕಾಯಿತುರಿ ಮತ್ತು ಕಂದು ಸಕ್ಕರೆ ಜೊತೆ. ಚೀನೀ ಪಂಚಾಂಗದ ಮೊದಲನೇ ದಿನ, ಹದಿನೈದನೇ ದಿನ, ಅಂದರೆ ಅಮಾವಾಸ್ಯೆ ಹುಣ್ಣಿಮೆಯ ಆಸುಪಾಸು, ಅವರಲ್ಲೂ ತುಂಬಾ ಜನ ಮಾಂಸ ತಿನ್ನುವುದಿಲ್ಲ. ಹೆಚ್ಚು ಕಮ್ಮಿ ನಮ್ಮ ನವರಾತ್ರಿ ಹೊತ್ತಿಗೆ ಅವರಿಗೂ ಒಂಬತ್ತು ದಿನದ ವ್ರತ ಬರುತ್ತದೆ. ಆಗ ಹಳದಿ ಬಾವುಟ ಕಟ್ಟಿದ ಗಾಡಿಗಳಲ್ಲಿ ಸಿಗುವುದೆಲ್ಲ ಸಸ್ಯಾಹಾರ.

ಆದರೆ ಇದೆಲ್ಲ ನೀನು ನನಗಿಂತ ಚೆನ್ನಾಗಿ ಹುಡುಕಿಕೊಳ್ಳುತ್ತೀಯ. ನನಗಿರುವ ಚಿಂತೆ ತಟ್ಟೆಯಲ್ಲಿ ಏನಿದೆ ಅನ್ನುವುದಲ್ಲ. ಬಿಸ್ಕತ್ತಿನದು. ಬಾಗಿಲು ಹಾಕಿಕೊಂಡು ತಿಂದದ್ದರದು. ಮೊದಲ ವಾರ ಅದು ಸುಲಭ ಅನಿಸುತ್ತದೆ. ಆಮೇಲೆ ಅದೇ ಅಭ್ಯಾಸ. ನನಗೆ ಊರಿಗೆ ಬಂದ ಮೇಲೂ ಹೋಗಲಿಲ್ಲ. ನಿನ್ನ ದೊಡ್ಡಪ್ಪ ಹೋದ ಮೇಲೆ ನಾನು ಆರು ತಿಂಗಳು ಅಡಿಗೆ ಮನೆಯಲ್ಲಿ ನಿಂತುಕೊಂಡೇ ಉಂಡೆ. ಯಾರೂ ಇರಲಿಲ್ಲ ನೋಡುವುದಕ್ಕೆ. ಆಗಲೂ ಕೂರಲಾಗಲಿಲ್ಲ.

ಪೆನಾಂಗ್ ರಸ್ತೆ ಪಕ್ಕದ ಕೆಂಗ್ ಕ್ವೀ ಓಣಿಯಲ್ಲಿ ಚೆಂಡೋಲ್ ಮಾರುತ್ತಾರಲ್ಲ, ಹಸಿರು ಎಳೆ, ತೆಂಗಿನ ಹಾಲು, ತಾಳೆ ಬೆಲ್ಲ, ಮೇಲೆ ಐಸು, ಅಲ್ಲಿ ಕುರ್ಚಿಯೇ ಬೇಡ. ಬಟ್ಟಲು ಕೈಯಲ್ಲಿ ಹಿಡಿದು ಎಲ್ಲರೂ ಬೀದಿಯಲ್ಲೇ ನಿಂತು ತಿನ್ನುತ್ತಾರೆ. ಕೂರುವುದು ಕಷ್ಟ ಅನಿಸಿದರೆ ಅಲ್ಲಿಂದ ಶುರು ಮಾಡಿದರೂ ಆದೀತು. ಬೆಳಗ್ಗೆ ಹೋಗಬೇಡ, ಮಧ್ಯಾಹ್ನ ಹೋಗು, ಜನ ಇರುವಾಗ. ಅಲ್ಲಿಂದ ಕ್ಯಾನನ್ ಬೀದಿಗೆ ನಡೆದೇ ಹೋಗಬಹುದು. ಕುರ್ಚಿ ಮೇಲೆ ನಿಂತು ಗೋಡೆಯ ಕಿಂಡಿಗೆ ಕೈ ಚಾಚುವ ಹುಡುಗನ ಚಿತ್ರ ಅಲ್ಲಿದೆ. ಅದರ ಫೋಟೋ ನೀನು ಕಳಿಸಿಲ್ಲ. ಅಲ್ಲಿಯೂ ಕುರ್ಚಿ ನಿಜದ್ದೇ. ಕಳಿಸುವಾಗ ಜನರೂ ಇರಲಿ ಫೋಟೋದಲ್ಲಿ. ಅಡ್ಡ ಬಂದರು ಅಂತ ಕಾಯಬೇಡ.

ಯಾವಾಗಲಾದರೂ ಬಾಯಾನ್ ಬಾರು ಕಡೆ ಹೋದರೆ ಒಂದು ಕಾಫಿ ಕುಡಿ. ಆ ಅಂಗಡಿ ಈಗ ಇದೆಯೋ ಇಲ್ಲವೋ, ಯಾವುದಾದರೂ ಸರಿ. ಪೂರ್ತಿ ಕುಡಿ. ಎದುರಿನ ಕುರ್ಚಿಯಲ್ಲಿ ಯಾರು ಬಂದು ಕೂತರು ಅಂತ ನನಗೆ ಬರಿ.

ಇನ್ನೊಂದು. ಚಟ್ನಿಪುಡಿ, ಮೆಂತ್ಯದ ಹಿಟ್ಟು ಡಬ್ಬಿಗೆ ತುಂಬಿ ಪಾರ್ಸೆಲ್ ಕಟ್ಟಿಟ್ಟಿದ್ದೆ. ನಿನ್ನ ಕಾಗದ ಓದಿದ ಮೇಲೆ ಕಳಿಸಲು ಮನಸ್ಸು ಬರಲಿಲ್ಲ. ಅದು ಬಂದರೆ ನೀನು ಮತ್ತೆ ರೂಮಿನಲ್ಲೇ ಅನ್ನ ಮಾಡಿಕೊಳ್ಳುತ್ತೀಯ ಅಂತ ಬಿಚ್ಚಿಟ್ಟೆ. ಅದು ಸರಿಯೋ ತಪ್ಪೋ ಇನ್ನೂ ಗೊತ್ತಾಗುತ್ತಿಲ್ಲ. ಡಬ್ಬಿ ಅಲ್ಲೇ ಮೇಜಿನ ಮೇಲಿದೆ. ಬೇಕು ಅಂದರೆ ಒಂದು ಮಾತು ಹೇಳು ಮಗಳೇ, ಮಾರನೇ ದಿನವೇ ಕಳಿಸುತ್ತೇನೆ.

ನಿನ್ನ,
ದೊಡ್ಡಮ್ಮ