ಸಿನಿಮಾ ಮಾಡಹೊರಟ ಸೋದರಳಿಯನಿಗೆ

ಚಿರಂಜೀವಿ ಪುಟ್ಟನಿಗೆ ನಿನ್ನ ಸೋದರಮಾವ ಮಾಡುವ ಆಶೀರ್ವಾದಗಳು.

ನೀನು ಕೆಲಸ ಬಿಟ್ಟು ನಿರ್ದೇಶನಕ್ಕೆ ಇಳಿಯಲಿರುವ ವಿಷಯವನ್ನೂ, ಅದಕ್ಕಾಗಿ ಸಾಲ ಮಾಡಿ ಕ್ಯಾಮೆರಾ ಕೊಳ್ಳಲು ಹೊರಟಿರುವುದನ್ನೂ ಅಕ್ಕ ಫೋನಿನಲ್ಲಿ ತಿಳಿಸಿದಳು. ನಿನ್ನನ್ನು ತಡೆಯುವ ಉದ್ದೇಶ ನನಗಿಲ್ಲ. ಆದರೆ ಮಧ್ಯಮ ವರ್ಗದ ಮನೆಗಳ ಕಥೆ ಹೇಳಬೇಕೆಂಬ ಹಂಬಲ ನಿನಗಿರುವುದರಿಂದ, ಇರಾನಿನ ಚಿತ್ರ ನಿರ್ದೇಶಕ ಅಸ್ಗರ್ ಫರ್ಹಾದಿ ನಡೆದು ಬಂದ ದಾರಿಯನ್ನು ಮೊದಲು ನೋಡು ಎಂದು ಹೇಳಬಯಸುತ್ತೇನೆ.

1972ರಲ್ಲಿ ಇಸ್ಫಹಾನ್ ಪ್ರಾಂತ್ಯದಲ್ಲಿ ಹುಟ್ಟಿದ ಅವರು ಹದಿಹರೆಯದಲ್ಲೇ ಕಿರುಚಿತ್ರಗಳನ್ನು ಮಾಡಿದ್ದರೂ, ಟೆಹರಾನಿನಲ್ಲಿ ಓದಿದ್ದು ರಂಗಭೂಮಿಯನ್ನು. ಆಮೇಲೆ ರೇಡಿಯೋ ನಾಟಕಗಳನ್ನೂ ಟೆಲಿವಿಷನ್ ಧಾರಾವಾಹಿಗಳನ್ನೂ ಬರೆದು ಕೈ ಪಳಗಿಸಿಕೊಂಡರು. ಮೊದಲ ಚಲನಚಿತ್ರ ತೆರೆಗೆ ಬಂದದ್ದು 2003ರಲ್ಲಿ. ಬರ್ಲಿನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿಯಾದ ಚಿನ್ನದ ಕರಡಿಯನ್ನೂ ಮರುವರ್ಷ ಆಸ್ಕರನ್ನೂ ತಂದುಕೊಟ್ಟ 2011ರ 'ಎ ಸೆಪರೇಶನ್' ಅವರ ಐದನೆಯ ಚಿತ್ರ.

ಆ ಚಿತ್ರವನ್ನು ಬರವಣಿಗೆಗಾಗಿಯೇ ಮತ್ತೊಮ್ಮೆ ನೋಡು. ಮನೆ ಬಿಟ್ಟು ಹೊರಟ ಸಿಮಿನ್, ಪಿಯಾನೋ ಇಳಿಸುವ ಕೂಲಿಯವರು ಹೆಚ್ಚಿಗೆ ಕೇಳಿದ ಹಣವನ್ನು ಡ್ರಾಯರಿನಿಂದ ತೆಗೆದುಕೊಡುತ್ತಾಳೆ. ನೋಡುವವರು ಅದನ್ನು ಆ ಕ್ಷಣದಲ್ಲೇ ಮರೆತುಬಿಡುತ್ತಾರೆ. ಮುಂದೆ ಅವಳ ಗಂಡ ನಾದೆರ್, ಮರೆವಿನ ಕಾಯಿಲೆಯ ತನ್ನ ತಂದೆ ಮಂಚಕ್ಕೆ ಕಟ್ಟಿಹಾಕಿದ ಸ್ಥಿತಿಯಲ್ಲಿ ಬಿದ್ದಿರುವುದನ್ನು ಕಂಡು, ಅದೇ ಹಣ ಕಾಣೆಯಾದದ್ದನ್ನೂ ಸೇರಿಸಿಕೊಂಡು, ಆರೈಕೆಗೆ ಬಂದ ಗರ್ಭಿಣಿ ರಜಿಯೆಯ ಮೇಲೆ ಕಳ್ಳತನದ ಆರೋಪ ಹೊರಿಸಿ ಅವಳನ್ನು ಬಾಗಿಲಾಚೆ ತಳ್ಳುತ್ತಾನೆ. ಅವಳಿಗೆ ಗರ್ಭಪಾತವಾಗಿ, ಅಲ್ಲಿಂದ ವಿಷಯ ನ್ಯಾಯಾಲಯದವರೆಗೆ ಹೋಗುತ್ತದೆ. ಇಷ್ಟಾದರೂ ಕೆಟ್ಟವರೆಂದು ಬೆರಳು ತೋರಿಸಬಹುದಾದವರು ಅಲ್ಲಿ ಒಬ್ಬರೂ ಇಲ್ಲ. ಸಾಲಗಾರರ ಕಾಟದಲ್ಲಿ ಬೇಯುತ್ತಿರುವ ರಜಿಯೆಯ ಕುಟುಂಬಕ್ಕೆ ಪರಿಹಾರದ ಹಣ ಇನ್ನೇನು ಸಿಗಬೇಕು ಎನ್ನುವಾಗ, ಗರ್ಭ ಹೋದದ್ದು ಅವನು ತಳ್ಳಿದ್ದರಿಂದಲೇ ಎಂದು ಕುರಾನ್ ಮುಟ್ಟಿ ಪ್ರಮಾಣ ಮಾಡಲು ಅವಳಿಂದ ಆಗುವುದಿಲ್ಲ. ನನ್ನನ್ನು ಅಲುಗಾಡಿಸಿದ ದೃಶ್ಯ ಅದು. ಪ್ರತಿಯೊಬ್ಬರಿಗೂ ಅವರವರ ಕಾರಣವನ್ನು ಪೂರ್ತಿಯಾಗಿ ಬರೆದುಕೊಟ್ಟವರಿಗೆ ಮಾತ್ರ ಇಂಥದ್ದು ಸಾಧ್ಯ. ಯಾವ ಕ್ಯಾಮೆರಾವೂ ಇದನ್ನು ಒದಗಿಸಲಾರದು.

2016ರ 'ದಿ ಸೇಲ್ಸ್‌ಮನ್' ಅವರಿಗೆ ಎರಡನೆಯ ಆಸ್ಕರ್ ತಂದಿತು. ಇರಾನೂ ಸೇರಿದಂತೆ ಏಳು ದೇಶಗಳವರಿಗೆ ಅಮೆರಿಕ ಪ್ರವೇಶ ನಿರ್ಬಂಧಿಸಿದ್ದನ್ನು ಪ್ರತಿಭಟಿಸಿ ಅವರು ಸಮಾರಂಭಕ್ಕೆ ಹೋಗಲಿಲ್ಲ. ನಡುವೆ ಫ್ರಾನ್ಸ್, ಸ್ಪೇನ್‌ಗಳಲ್ಲೂ ಚಿತ್ರ ಮಾಡಿದರು. ಅವುಗಳ ಹೆಣಿಗೆ ಬಿಗಿಯಾಗಿಯೇ ಇದೆ. ಆದರೂ ಸಾಲ ತೀರಿಸಲಾಗದೆ ಸೆರೆಯಾದವನೊಬ್ಬನ ಕಥೆಯನ್ನು ಶಿರಾಜ್ ನಗರದಲ್ಲಿಟ್ಟು ಹೇಳಿದ 2021ರ 'ಎ ಹೀರೋ' ನೋಡಿದಾಗ, ತಮ್ಮ ಜನರ ಮಾನ, ಮುಲಾಜು, ಆಣೆಗಳ ನಡುವೆಯೇ ಅವರ ಕಸುವು ಹೆಚ್ಚೆಂದು ನನಗನ್ನಿಸಿತು.

ಆದ್ದರಿಂದ ಸದ್ಯಕ್ಕೆ ಕೆಲಸ ಬಿಡಬೇಡ. ನೀನು ಹತ್ತಿರದಿಂದ ಕಂಡ ಒಂದು ಮನೆಜಗಳವನ್ನು ತೆಗೆದುಕೊಂಡು, ಅದರಲ್ಲಿ ನಿನಗೆ ಯಾರ ಮೇಲೆ ಸಿಟ್ಟಿದೆಯೋ ಅವರ ಕಡೆಯಿಂದಲೇ ಮೊದಲು ಬರೆ. ದೀಪಾವಳಿಗೆ ಬರುವಾಗ ಅದನ್ನು ತಾ, ಇಬ್ಬರೂ ಕುಳಿತು ಓದೋಣ.

ಇತಿ,
ನಿನ್ನ ಸೋದರಮಾವ