ಮುಳ್ಳು ಸಿಕ್ಕಿಕೊಂಡ ಜಾಗ

ಮಾನ್ಯರೇ,

ಕಳೆದ ಭಾನುವಾರದ ಪುರವಣಿಯಲ್ಲಿ ಹಳೆಯ ಬ್ರಿಟಿಷ್ ಕ್ರೈಮ್ ಸಿನಿಮಾಗಳ ಬಗ್ಗೆ ಬಂದ ಲೇಖನವನ್ನು ಖುಷಿಯಿಂದ ಓದಿದೆ. ಆದರೆ ‘ಬ್ರೈಟನ್ ರಾಕ್’ ವಿಷಯದಲ್ಲಿ ಲೇಖಕರು ಅವಸರ ಮಾಡಿದ್ದಾರೆ. ಕಾದಂಬರಿಯ ಕೊನೆಗೆ ಸಕ್ಕರೆ ಬೆರೆಸಿ ಕೆಡಿಸಿದರು ಅಂತ ಒಂದೇ ಸಾಲಿನಲ್ಲಿ ತೀರ್ಪು ಕೊಟ್ಟು ಮುಂದೆ ಹೋಗಿಬಿಟ್ಟರು. ನನ್ನ ತಕರಾರು ಅಲ್ಲೇ. (ಕೊನೆ ಗೊತ್ತಾಗೋದು ಬೇಡ ಅನ್ನುವವರು ಇಲ್ಲಿಗೇ ಓದು ನಿಲ್ಲಿಸಿ.)

ಗ್ರಹಾಂ ಗ್ರೀನ್ ಕಾದಂಬರಿ ಬಂದದ್ದು 1938ರಲ್ಲಿ. ಜಾನ್ ಬೌಲ್ಟಿಂಗ್ ಅದನ್ನು 1947ರಲ್ಲಿ ಸಿನಿಮಾ ಮಾಡಿದರು. ಪಿಂಕಿ ಅನ್ನುವ ಹದಿನೇಳರ ಹುಡುಗ ಬ್ರೈಟನ್ ಊರಿನ ರೌಡಿ ಗುಂಪಿನ ನಾಯಕ. ಒಂದು ಕೊಲೆ ಮಾಡುತ್ತಾನೆ. ಅದರ ಸುಳಿವು ಹೋಟೆಲಿನಲ್ಲಿ ಸಪ್ಲೈ ಮಾಡುವ ರೋಸ್ ಎಂಬ ಹುಡುಗಿಗೆ ಸಿಕ್ಕಿರುತ್ತದೆ. ಹೆಂಡತಿಯಾದರೆ ಗಂಡನ ವಿರುದ್ಧ ಸಾಕ್ಷಿ ಹೇಳಬೇಕಿಲ್ಲ. ಅದಕ್ಕೇ ಮದುವೆ.

ಪಿಂಕಿ ಪಾತ್ರದಲ್ಲಿ ರಿಚರ್ಡ್ ಅಟೆನ್‌ಬರೊ. ನಮಗೆಲ್ಲ ‘ಗಾಂಧಿ’ ಸಿನಿಮಾ ಮಾಡಿದವರು ಅಂತಲೇ ಪರಿಚಯ, ಅಲ್ವಾ? ಇಲ್ಲಿ ಅವರು ಬೆರಳಿಗೆ ದಾರ ಸುತ್ತಿಕೊಂಡು ಆಡುತ್ತಾ, ಕಣ್ಣು ಮಿಟುಕಿಸದೆ ಕೂತಿರುವುದನ್ನು ನೋಡಿದರೆ ಮೈ ಜುಮ್ಮೆನ್ನುತ್ತದೆ. 1943ರಲ್ಲಿ ಇದೇ ಪಾತ್ರವನ್ನು ಲಂಡನ್ನಿನ ರಂಗದ ಮೇಲೆ ಮಾಡಿ ಪಳಗಿದ್ದರು.

ಈಗ ಕೊನೆಗೆ ಬರೋಣ. ಹಣ ಹಾಕಿದರೆ ನಮ್ಮ ದನಿಯನ್ನೇ ಗ್ರಾಮಫೋನ್ ಪ್ಲೇಟು ಮಾಡಿಕೊಡುವ ಗಾಜಿನ ಗೂಡೊಂದು ಅಲ್ಲಿರುತ್ತದೆ. ನಿನ್ನ ದನಿ ಬೇಕು ಅಂತ ರೋಸ್ ಹಟ ಹಿಡಿಯುತ್ತಾಳೆ. ಪಿಂಕಿ ಒಳಗೆ ಹೋಗುತ್ತಾನೆ. ‘ನಿನ್ನನ್ನು ಪ್ರೀತಿಸುತ್ತೇನೆ ಅಂತ ಹೇಳಲಿ ಅಂತ ತಾನೆ ನಿನ್ನಾಸೆ’ ಎಂದು ಶುರು ಮಾಡಿ, ಆಮೇಲೆ ವಿಷ ಕಾರುತ್ತಾನೆ. ಆಚೆ ನಿಂತ ರೋಸ್‌ಗೆ ಏನೂ ಕೇಳಿಸದು. ಗಾಜಿನ ಮೂಲಕ ಅವನನ್ನೇ ನೋಡಿ ನಗುತ್ತಿರುತ್ತಾಳೆ.

ಅವನು ಸತ್ತ ಮೇಲೆ ಆ ಪ್ಲೇಟು ಹಾಕುತ್ತಾಳೆ. ಅದರ ಮೇಲೆ ಗೀರು ಬಿದ್ದಿದೆ. ‘ನಿನ್ನನ್ನು ಪ್ರೀತಿಸುತ್ತೇನೆ’ ಅನ್ನುವಲ್ಲಿ ಮುಳ್ಳು ಸಿಕ್ಕಿಕೊಂಡು ಅದೇ ಮಾತು ಮತ್ತೆ ಮತ್ತೆ ಬರುತ್ತದೆ. ರೋಸ್ ಮುಖ ಅರಳುತ್ತದೆ. ಕಾದಂಬರಿಯಲ್ಲಿ ಈ ಗೀರು ಇಲ್ಲ. ಪ್ಲೇಟು ಕೇಳಲು ಅವಳು ನಡೆದು ಹೋಗುವಲ್ಲಿಗೆ ಪುಸ್ತಕ ಮುಗಿಯುತ್ತದೆ. ಅಲ್ಲಿ ನಮಗೆ ಗೊತ್ತು, ಅವಳಿಗೆ ಎದೆ ಒಡೆಯುವುದು ಖಂಡಿತ.

ನಮ್ಮಜ್ಜನ ಮನೆಯಲ್ಲಿ ಗ್ರಾಮಫೋನ್ ಇತ್ತು. ಹಾಡು ನಡುವೆ ಸಿಕ್ಕಿಕೊಂಡರೆ ಅಜ್ಜ ಬೀಡಾ ಅಗಿಯುತ್ತಲೇ ಎದ್ದು ಬಂದು, ಮುಳ್ಳನ್ನು ಬೆರಳ ತುದಿಯಿಂದ ಸುಮ್ನೆ ಒಂಚೂರು ತಳ್ಳುತ್ತಿದ್ದರು. ಹಾಡು ಮುಂದೆ ಹೋಗುತ್ತಿತ್ತು. ಹಾಗಾಗಿ ಈ ಸಿನಿಮಾದ ಕೊನೆ ನನಗೆ ಒಂದು ದಿನಕ್ಕೂ ಸಿಹಿ ಅನ್ನಿಸಿಲ್ಲ. ಇವತ್ತಲ್ಲ ನಾಳೆ ರೋಸ್ ಕೂಡ ಬೆರಳು ಚಾಚುತ್ತಾಳೆ. ಪುಸ್ತಕದ ರೋಸ್ ಒಂದೇ ಸಲಕ್ಕೆ ಎಲ್ಲ ಕೇಳಿಸಿಕೊಂಡು ಅತ್ತಾಳು. ಈ ರೋಸ್ ನಂಬಿಕೊಂಡು, ಸಂತೋಷಪಟ್ಟು, ಆಮೇಲೆ ಕೇಳಬೇಕು. ಯಾವುದು ಜಾಸ್ತಿ ಕ್ರೂರ?

ಇನ್ನೊಂದು ವಿಷಯ. ಲೇಖನದಲ್ಲಿ ‘ಸಿನಿಮಾದವರು’ ಅಂತ ಬೈದಿದ್ದಾರಲ್ಲ, ನಾಟಕಕಾರ ಟೆರೆನ್ಸ್ ರ್‍ಯಾಟಿಗನ್ ಜೊತೆ ಚಿತ್ರಕಥೆಯಲ್ಲಿ ಹೆಸರಿರುವುದು ಸ್ವತಃ ಗ್ರೀನ್ ಅವರದು! ಈ ಕೊನೆಯನ್ನು ಅವರು ಸಮರ್ಥಿಸಿಕೊಂಡಿದ್ದೂ ಉಂಟು.

ಪುರವಣಿಯಲ್ಲಿ ಈ ಸಿನಿಮಾ ಬಗ್ಗೆ ಮತ್ತೆ ಬರೆಯುವುದಿದ್ದರೆ, ಲೇಖಕರು ಕೊನೆಯ ಎರಡು ನಿಮಿಷವನ್ನು ದಯವಿಟ್ಟು ಇನ್ನೊಮ್ಮೆ ನೋಡಲಿ.

— ಒಬ್ಬ ಓದುಗ, ಶಿವಮೊಗ್ಗ