ತಟಸ್ಥ ಬಂದರಿನ 72 ಗಂಟೆ

ಸಂಪಾದಕರೇ,

ಯುದ್ಧ ಶುರುವಾದ್ರೆ ಸಮುದ್ರದಲ್ಲಿ ರೂಲ್ಸೇ ಇರಲ್ಲ ಅಂತ ತುಂಬಾ ಜನ ಅಂದ್ಕೊಂಡಿದಾರೆ, ಅದು ತಪ್ಪು. ಖಾಸಗಿ ಹಡಗುಗಳಿಗೆ ಲೈಸೆನ್ಸ್ ಕೊಟ್ಟು ಲೂಟಿ ಮಾಡ್ಸೋದನ್ನ 1856ರ ಪ್ಯಾರಿಸ್ ಘೋಷಣೆಲೇ ಬೇಡ ಅಂದ್ರು, ತಟಸ್ಥ ದೇಶದ ಬಾವುಟ ಇರೋ ಹಡಗಲ್ಲಿ ಶತ್ರುವಿನ ಸರಕಿದ್ರೂ, ಯುದ್ಧಸಾಮಗ್ರಿ ಬಿಟ್ಟು ಬೇರೇನೂ ಮುಟ್ಟಂಗಿಲ್ಲ ಅಂತ ಒಪ್ಕೊಂಡ್ರು, ಆಮೇಲೆ 1907ರ ಹೇಗ್ ಒಪ್ಪಂದದಲ್ಲಿ ಯುದ್ಧನೌಕೆ ತಟಸ್ಥ ಬಂದರಲ್ಲಿ ಸಾಮಾನ್ಯವಾಗಿ 24 ಗಂಟೆ ಮೀರಿ ನಿಲ್ಲಂಗಿಲ್ಲ ಅಂತಾಯ್ತು.

1939ರ ಡಿಸೆಂಬರಲ್ಲಿ ಜರ್ಮನಿಯ ಯುದ್ಧನೌಕೆ ಗ್ರಾಫ್ ಸ್ಪೀ ಕಾಳಗದಲ್ಲಿ ಏಟು ತಿಂದು ತಟಸ್ಥ ದೇಶ ಉರುಗ್ವೆಯ ಮಾಂಟೆವಿಡಿಯೋ ಬಂದರಿಗೆ ಬಂದಾಗ ರಿಪೇರಿಗೆ ಸಿಕ್ಕಿದ್ದು ಬರೀ 72 ಗಂಟೆ, ಗಡುವು ಮುಗಿಯೋ ಹೊತ್ತಿಗೆ ಕ್ಯಾಪ್ಟನ್ನೇ ಹಡಗನ್ನ ಹೊರಗೆ ತಂದು ಸ್ಫೋಟಿಸಿ ಮುಳುಗಿಸಿಬಿಟ್ರು! ಯುದ್ಧದ ಸುದ್ದಿ ಜೊತೆ ಇಂಥ ಇತಿಹಾಸಾನೂ ದಯವಿಟ್ಟು ಹಾಕಿ.

– ಒಬ್ಬ ಓದುಗ